ವಾಡಿ ಸ್ಟೇಷನ್ನಿನಲ್ಲಿ ತಾಯಿ ಹೇಳಿಸಿದ ಒಡಪು

ಹೋದ ಶ್ರಾವಣದ ಒಂದು ಸೋಮವಾರ, ಹಾಡುಹಗಲೇ, ಗಿರಾಕಿಯ ಮುಂದೆ ಇಳಕಲ್ ಸೀರೆ ಬಿಚ್ಚಿ ಹಿಡಿದು ಸೆರಗು ತೋರಿಸುತ್ತಿದ್ದ ನಮ್ಮ ಮನೆಯವರಿಗೆ ಮಾತು ನಿಂತುಹೋಯಿತು. ಸೀರೆ ಕೈಯಿಂದ ಜಾರಿತು, ಬಾಯಿ ಒಂದು ಕಡೆ ಸೊಟ್ಟಗಾಯಿತು, ಗಾದಿಯ ಮೇಲೆ ಹಾಗೇ ಒರಗಿದರಂತೆ. ಅಂಗಡಿಯವರು ಆಟೋದಲ್ಲಿ ಹಾಕಿಕೊಂಡು ದವಾಖಾನೆಗೆ ಓಡಿದರು. ಅಲ್ಲಿಂದ ಕಲಬುರಗಿಗೆ. ನಾನು ಹೋಗಿ ಮುಟ್ಟುವ ಹೊತ್ತಿಗೆ ಡಾಕ್ಟರು ಲಕ್ವಾ ಎಂದು ಬರೆದು ಆಗಿತ್ತು.

ಸನ್ನತಿ ಚಂದ್ರಲಾಂಬೆಯನ್ನು ನಂಬಿ ನಡೆಯುವ ಅಕ್ಕ-ಅಣ್ಣಂದಿರೇ, ನಾನು ಚಿತ್ತಾಪುರದ ನೀಲಮ್ಮ. ನನಗೆ ಬರೆದು ರೂಢಿಯಿಲ್ಲ. ಜಗಳವಾಡು ಅಂದರೆ ಆಡುತ್ತೇನೆ, ಅದು ನಮ್ಮ ಓಣಿಗೆಲ್ಲ ಗೊತ್ತು. ಆದರೆ ತಾಯಿ ನನಗೆ ಮಾಡಿದ್ದನ್ನು ಹೊಟ್ಟೆಯಲ್ಲಿಟ್ಟುಕೊಂಡು ಸುಮ್ಮನಿದ್ದರೆ ಅನ್ನ ಇಳಿಯುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ನಮ್ಮ ಮನೆಯವರ ಹೆಸರೇನು ಅಂತ ಈಗಲೇ ಕೇಳಬೇಡಿ. ಸ್ವಲ್ಪ ತಾಳಿ, ಬರುತ್ತದೆ.

ಅವರು ಇಪ್ಪತ್ತು ವರ್ಷಕ್ಕೂ ಮೇಲೆ ಚಿತ್ತಾಪುರದ ಬಟ್ಟೆ ಅಂಗಡಿಯೊಂದರಲ್ಲಿ ಗಿರಾಕಿಗಳಿಗೆ ಬಟ್ಟೆ ತೋರಿಸುವ ಕೆಲಸ ಮಾಡಿದವರು. ಅವರ ದುಡಿಮೆಯೆಲ್ಲ ನಾಲಿಗೆಯ ಮೇಲೆ. "ನೋಡ್ರಿ ಅಕ್ಕಾ, ನೋಡ್ಲಿಕ್ಕ ರೊಕ್ಕ ಇಲ್ಲ, ಬ್ಯಾಡಾದ್ರ ಮಡಚಿ ಇಡ್ತೀನಿ" ಎಂದು ಶುರುಮಾಡಿದರೆ, ಒಂದು ಕುಪ್ಪಸದ ಬಟ್ಟೆಗೆ ಬಂದವಳು ಮೂರು ಸೀರೆ ಹಿಡಿದು ಹೋಗಬೇಕು. ಮನೆಗೆ ಬಂದ ಮೇಲೂ ಆ ಬಾಯಿಗೆ ಬಿಡುವಿಲ್ಲ. ಯಾರು ಬಂದರು, ಏನು ಅಂದರು, ಯಾವ ಅತ್ತೆ ಯಾವ ಸೊಸೆಗೆ ಅಗ್ಗದ ಸೀರೆ ಆರಿಸಿದಳು ಎಂದು ಊಟ ಮುಗಿಯುವ ತನಕ ಹೇಳುತ್ತಿದ್ದರು. ನನಗೆ ತಲೆ ಚಿಟ್ಟುಹಿಡಿಯುತ್ತಿತ್ತು.

ಒಪ್ಪಿಕೊಂಡೇ ಬಿಡುತ್ತೇನೆ. ಆ ಸೋಮವಾರ ಬೆಳಗ್ಗೆ ನಾನು ರೊಟ್ಟಿ ತಟ್ಟುತ್ತಿದ್ದೆ, ಅವರು ಪಕ್ಕದಲ್ಲಿ ಕುಳಿತು ಏನೋ ಹೇಳುತ್ತಿದ್ದರು, ಒಲೆಯ ಹೊಗೆ ಕಣ್ಣಿಗೆ ತುಂಬಿತ್ತು. "ಒಂದು ತಾಸರೆ ಬಾಯಿ ಮುಚ್ಕೊಂಡು ಕುಂದ್ರಿ ನೋಡೋಣ" ಎಂದು ಗದರಿಸಿದ್ದೆ. ಅವರು ನಕ್ಕು, ಡಬ್ಬಿ ತಗೊಂಡು ಹೋದರು. ಅದಾದ ಮೂರು ತಾಸಿಗೆ ಈ ಸುದ್ದಿ.

ಇಪ್ಪತ್ತು ದಿನಕ್ಕೆ ಕೈಕಾಲು ಒಂದಿಷ್ಟು ಹಿಡಿತಕ್ಕೆ ಬಂದವು. ಕೋಲು ಊರಿ ನಡೆದರು. ಬಾಯಿಯ ಸೊಟ್ಟ ಹೋಯಿತು. ಮಾತು ಮಾತ್ರ ಬರಲಿಲ್ಲ. ಹೇಳಿದ್ದೆಲ್ಲ ತಿಳಿಯುತ್ತದೆ, ಹೇಳಬೇಕೆಂದು ಬಾಯಿ ತೆರೆದರೆ "ಅ, ಅ" ಅಷ್ಟೇ. ಮೊದಮೊದಲು ಸಿಟ್ಟು ಬಂದು ಗೋಡೆಗೆ ಕೈ ಗುದ್ದುತ್ತಿದ್ದರು. ಆಮೇಲೆ ಅದನ್ನೂ ಬಿಟ್ಟರು. ಗೋಡೆಯ ಕಡೆ ಮುಖ ಮಾಡಿ ಮಲಗಿದರೆ ಮುಗಿಯಿತು. ಅಂಗಡಿಯ ಗೆಳೆಯರು ಬಂದರೆ ನೋಡುತ್ತಿರಲಿಲ್ಲ. ಆ ಮನೆಯಲ್ಲಿ ನನ್ನ ಪಾತ್ರೆಗಳ ಸದ್ದೇ ನನಗೆ ಕೇಳುತ್ತಿತ್ತು. ಹುಚ್ಚು ಹಿಡಿದಂತಾಗಿ ನಾನೇ ಬೇಕಂತ ತಾಟು ಕೆಡವುತ್ತಿದ್ದೆ.

ಸೇಡಂನಲ್ಲಿರುವ ಮಗಳು ಸುಜಾತಾ ಬಂದು, "ಯವ್ವಾ, ಸನ್ನತಿಗಿ ಹೋಗಿ ತಾಯಿ ಮುಂದ ಹೇಳ್ಕೊಂಡು ಬರೋಣ ನಡಿ" ಎಂದಳು. ಬಸ್ಸಿನಲ್ಲಿ ಹೋದೆವು. ಭೀಮೆಯಲ್ಲಿ ನೀರು ತುಂಬಿತ್ತು. ಗುಡಿಯಲ್ಲಿ ಎಲ್ಲರೂ ಕಣ್ಣುಮುಚ್ಚಿ ನಿಂತಿದ್ದರೆ ನಾನು ತಾಯಿಯ ಮುಖವನ್ನೇ ನೋಡುತ್ತ ಜಗಳಕ್ಕೆ ನಿಂತೆ. "ಬಾಯಿ ಮುಚ್ಚಿ ಕುಂದ್ರಿ ಅಂತ ಹೆಂಡ್ತಿ ಅಂದ್ರ ಅದನ್ನ ಖರೇ ಅಂತ ತಿಳೀಬೇಕೇನವ್ವಾ ನೀನು? ನೀನೂ ಹೆಣ್ಣೇ ಅಲ್ಲೇನು? ಅವರು ಮದಲಿನಂಗ ಆಗ್ಲಿ ಅಂತ ಕೇಳಂಗಿಲ್ಲ. ಒಮ್ಮೆ, ಒಂದೇ ಒಂದು ಸಲ ನನ್ನ ಕರೀಲಿ. ನಿನ್ನ ಉಡಿ ತುಂಬ್ತೀನಿ" ಎಂದೆ. ಪಕ್ಕದಲ್ಲಿದ್ದವರು ತಿರುಗಿ ನೋಡಿದರು. ನೋಡಲಿ ಬಿಡು ಎಂದುಕೊಂಡೆ.

ಪ್ರತಿ ಗುರುವಾರ ಕಲಬುರಗಿಗೆ ಮಾತು ಕಲಿಸುವ ಡಾಕ್ಟರಮ್ಮನ ಹತ್ತಿರ ಹೋಗುವುದು ಶುರುವಾಯಿತು. ಚಿತ್ತಾಪುರದಿಂದ ವಾಡಿಗೆ ಒಂದು ಗಾಡಿ, ವಾಡಿಯಲ್ಲಿ ಇಳಿದು ಶಹಾಬಾದ್ ಮೇಲಿಂದ ಕಲಬುರಗಿಗೆ ಇನ್ನೊಂದು ಗಾಡಿ. ಡಾಕ್ಟರಮ್ಮ ಇನ್ನೂ ಸಣ್ಣ ವಯಸ್ಸಿನವಳು, ಒಳ್ಳೆಯ ಮನಸ್ಸಿನವಳು. ಕನ್ನಡಿ ಹಿಡಿದು ತುಟಿ ಹೇಗೆ ಮಾಡಬೇಕು ಎಂದು ತೋರಿಸುವಳು. ಲೋಟದ ಚಿತ್ರ, ಹಸುವಿನ ಚಿತ್ರ ತೋರಿಸಿ ಕೇಳುವಳು. ಅವರು ಬೆವರುತ್ತಿದ್ದರು, "ಅ" ಎನ್ನುತ್ತಿದ್ದರು. ಒಂದು ದಿನ ಆಕೆ ನನ್ನ ಕಡೆ ತಿರುಗಿ, "ಅಮ್ಮಾ, ಮನ್ಯಾಗ ಇವರ್ನ ಹೆಸರು ಹಿಡದು ಕರೀರಿ. ನಿಮ್ಮ ಹೆಸರು ಕರೀಲಿಕ್ಕ ಹಚ್ರಿ. ಹತ್ತಿರದವರ ಹೆಸರು ಲಗು ಬರ್ತದ" ಎಂದಳು.

ನಾನು ತಲೆ ತಗ್ಗಿಸಿದೆ. ನಗಬೇಡಿ. ನನ್ನ ತಾಯಿ ತನ್ನ ಗಂಡನ ಹೆಸರು ಹೇಳದೆ ಮಣ್ಣಾದಳು. ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ, ಹೇಳಿದರೆ ಆಯುಷ್ಯ ಕಡಿಮೆಯಾಗುತ್ತದೆ ಎನ್ನುತ್ತಾರೆ. ರೇಷನ್ ಅಂಗಡಿಯಲ್ಲಿ ಕೇಳಿದರೂ ಚೀಟಿ ತೋರಿಸುತ್ತಿದ್ದೆ. ಅವರೂ ಅಷ್ಟೇ, ಊರಿನ ಎಲ್ಲ ಹೆಂಗಸರನ್ನೂ ಅಕ್ಕ, ತಂಗಿ ಅಂದವರು ನನ್ನನ್ನು "ಏ, ಕೇಳಿಲ್ಲಿ" ಎಂದೋ "ಸುಜಾತಾನವ್ವಾ" ಎಂದೋ ಕರೆದವರು. ಸಾವಿನ ಬಾಗಿಲು ತಟ್ಟಿ ಬಂದ ಮನುಷ್ಯನ ಹೆಸರನ್ನು ಈಗ ನಾನು ಬಾಯಿಬಿಟ್ಟು ಹೇಳಿ, ನಾಳೆ ಏನಾದರೂ ಆದರೆ? ಮನೆಯಲ್ಲಿ ಎರಡು ಸಲ ಬಾಯಿ ತೆರೆದೆ. ಎರಡು ಸಲವೂ "ಏಳ್ರಿ, ಊಟ ಮಾಡ್ರಿ" ಎಂದುಬಿಟ್ಟೆ. ಡಾಕ್ಟರಮ್ಮ ಕೇಳಿದಾಗ "ಹ್ಞೂಂ, ದಿನಾ ಕರೀತೀನಿ" ಎಂದು ಸುಳ್ಳು ಹೇಳಿದೆ.

ದಸರೆ ಹೋಯಿತು, ದೀಪಾವಳಿ ಹೋಯಿತು. ತುಳಸಿ ಲಗ್ನ ಮುಗಿದ ಮೇಲಿನ ಒಂದು ಗುರುವಾರ ಡಾಕ್ಟರಮ್ಮ ನನ್ನನ್ನು ಹೊರಗೆ ಕರೆದಳು. "ಅಮ್ಮಾ, ಪ್ರತಿ ವಾರ ಇಷ್ಟು ದೂರ ಯಾಕ ತ್ರಾಸ ತಗೋತೀರಿ? ಇನ್ನ ತಿಂಗಳಿಗೊಮ್ಮೆ ಬರ್ರಿ ಸಾಕು" ಎಂದಳು. ಮೆತ್ತಗೆ ಹೇಳಿದಳು. ಆದರೆ ಅಷ್ಟು ತಿಳಿಯದ ದಡ್ಡಿಯೇನಲ್ಲ ನಾನು. ಗಾಡಿಯಲ್ಲಿ ಶಹಾಬಾದ್ ದಾಟುವಾಗ ಕಿಟಕಿಯ ಹೊರಗೆ ಹಾಸುಗಲ್ಲಿನ ಗುಡ್ಡೆಗಳು ಹಿಂದೆ ಹೋಗುತ್ತಿದ್ದವು, ಇವರು ಅವನ್ನೇ ನೋಡುತ್ತಿದ್ದರು, ನಾನು ಸೆರಗಿನಲ್ಲಿ ಕಣ್ಣು ಒರೆಸಿಕೊಂಡೆ. ಇನ್ನು ಈ ಜನ್ಮಕ್ಕೆ ಇಷ್ಟೇ ಎಂದುಕೊಂಡೆ. ತಾಯಿಯ ಮೇಲೂ ಸಿಟ್ಟು ಬಂತು. ಉಡಿಯೂ ಇಲ್ಲ, ಏನೂ ಇಲ್ಲ, ನಿನ್ನ ಗುಡಿಗೆ ಇನ್ನು ನಾನು ಕಾಲಿಡುವುದಿಲ್ಲ ಎಂದು ಮನಸ್ಸಿನಲ್ಲೇ ಅಂದುಬಿಟ್ಟೆ.

ವಾಡಿಯಲ್ಲಿ ಇಳಿದಾಗ ಮಧ್ಯಾಹ್ನ. ನಮ್ಮ ಚಿತ್ತಾಪುರದ ಗಾಡಿ ಒಂದೂವರೆ ತಾಸು ತಡ ಎಂದರು. ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೆ ಇವರನ್ನು ಕೂರಿಸಿ, ಕೋಲು ಪಕ್ಕಕ್ಕಿಟ್ಟು, ನೀರು ಕುಡಿಸಿದೆ. ಆಗ ಬಂತು ನೋಡಿ ಒಂದು ಮದುವೆಯ ದಿಬ್ಬಣ. ಟ್ರಂಕು, ಹೊಸ ಕೊಡ, ಸುತ್ತಿದ ಗಾದಿ, ನಡುವೆ ಬಾಸಿಂಗ ಬಿಚ್ಚಿದ ಹಣೆಯ ಮದುಮಗ, ತಲೆಯ ಮೇಲೆ ಸೆರಗು ಹೊದ್ದ ಮದುಮಗಳು. ಎಲ್ಲ ಸಾಮಾನು ನಮ್ಮ ಬೆಂಚಿನ ಸುತ್ತಲೇ ಇಳಿಸಿದರು. ಸುಮ್ಮನೆ ಅಳುತ್ತ ಕೂರಲಿಕ್ಕೂ ಜಾಗವಿಲ್ಲವಲ್ಲ ಎಂದು ಮೈ ಉರಿಯಿತು.

ಅವರಲ್ಲಿ ಒಬ್ಬಳು ದೊಡ್ಡಾಕೆ, ಎರಡೂ ಕೈ ತುಂಬ ಹಸಿರು ಬಳೆ, ಬಾಯಲ್ಲಿ ಎಲೆಅಡಿಕೆ, ಉಸ್ಸಪ್ಪಾ ಎಂದು ನನ್ನ ಪಕ್ಕದಲ್ಲೇ ಕುಳಿತಳು.

"ಜರಾ ಸರೀರಿ ಅಕ್ಕಾ. ಮೊಣಕಾಲು ಸತ್ತೇ ಹೋದ್ವು ನೋಡ್ರಿ. ಯಾವೂರಾಯ್ತು?"

"ಚಿತ್ತಾಪುರ."

"ನಮ್ಮದು ಚಿಂಚೋಳಿ ಕಡಿರಿ. ಶಹಾಬಾದದಾಗ ಲಗ್ನ ಆಯ್ತು, ಸೊಸಿನ್ನ ಕರ್ಕೊಂಡು ಹೊಂಟೀವಿ. ಸೇಡಂದಾಗ ಇಳದು ಜೀಪಿಗಿ ಹೋಗ್ತೀವಿ. ನಾ ಮದಿಮಗನ ಚಿಗವ್ವ."

ನಾನು ಹ್ಞೂಂ ಅಂದೆ. ಮಾತು ಬೆಳೆಸುವ ಮನಸ್ಸಿರಲಿಲ್ಲ. ಗಾಡಿ ಇನ್ನೂ ತಡ ಎಂದು ಗೊತ್ತಾದದ್ದೇ ಆಕೆ ಚಪ್ಪಾಳೆ ತಟ್ಟಿ ಎದ್ದಳು. "ಸುಮ್ಮ ಕುಂತು ಏನ್ ಮಾಡೋದದ? ಒಡಪು ಹೇಳಿಸ್ರಿ ಇಬ್ಬರಿಗೂ" ಎಂದಳು. ಒಡಪು ನಿಮಗೆ ಗೊತ್ತಲ್ಲ, ಗಂಡ ಹೆಂಡತಿ ಪ್ರಾಸ ಕಟ್ಟಿ ಒಬ್ಬರ ಹೆಸರನ್ನು ಒಬ್ಬರು ಹೇಳುವುದು. ಬಾಯಲ್ಲಿ ಬರಬಾರದ ಹೆಸರು ಒಡಪಿನಲ್ಲಿ ಬಂದರೆ ತಪ್ಪಿಲ್ಲ. ಲಗ್ನದಲ್ಲಿ ಹೊಸ್ತಿಲಿಗೆ ಅಡ್ಡ ನಿಂತು ಹೇಳಿಸುತ್ತಾರೆ. ಒಬ್ಬರು ಹೇಳಿದ ಮೇಲೆ ಇನ್ನೊಬ್ಬರು ಹೇಳಲೇಬೇಕು, ಇಲ್ಲದಿದ್ದರೆ ದಾರಿ ಬಿಡುವುದಿಲ್ಲ. ಮದುಮಗಳು ಯಾರಿಗೂ ಕೇಳಿಸದಷ್ಟು ಸಣ್ಣ ದನಿಯಲ್ಲಿ ಹೇಳಿದಳು, ಮತ್ತೊಮ್ಮೆ ಹೇಳಿಸಿದರು. ಮದುಮಗ ಅರ್ಧಕ್ಕೆ ಮರೆತು ಬೈಸಿಕೊಂಡ. ಪ್ಲಾಟ್‌ಫಾರ್ಮಿನ ಜನವೆಲ್ಲ ನಗುತ್ತಿತ್ತು.

ಅಷ್ಟಕ್ಕೆ ಬಿಟ್ಟಿದ್ದರೆ ಆಗಿತ್ತು. ಚಿಗವ್ವ ನನ್ನ ಕಡೆ ತಿರುಗಿದಳು. "ಈಗ ಈ ಅಕ್ಕ ಹೇಳ್ಬೇಕು. ಹಿರಿ ಮುತ್ತೈದಿ. ಕೇಳಿ ಕಲೀಲಿ ನಮ್ಮ ಹುಡುಗಿ."

"ಬ್ಯಾಡ ಬಿಡ್ರಿ ಯವ್ವಾ."

"ಬ್ಯಾಡ ಅಂದ್ರ ಹ್ಯಾಂಗ? ಏನ್ರೀ ಅಣ್ಣಾವ್ರ, ನಿಮ್ಮ ಮನಿಯಾಕಿಗಿ ನೀವರೆ ಹೇಳ್ರಿ. ಯಾಕ ಸುಮ್ಮ ಕುಂತೀರಿ, ಬಾಯಾಗ ಬೆಲ್ಲ ಇಟ್ಕೊಂಡೀರೇನು?"

ನನ್ನ ಎದೆಗೆ ಚೂರಿ ಹಾಕಿದಂತಾಯಿತು. ಇವರು ಮುಖ ಆ ಕಡೆ ತಿರುಗಿಸಿದರು. ಆಕೆಯ ಜಡೆ ಹಿಡಿದು ಜಗ್ಗಿಬಿಡಲೇ ಅನ್ನಿಸಿತು, ಸುಳ್ಳಲ್ಲ. "ಅವರಿಗೆ ಮಾತು ಬರುವುದಿಲ್ಲ" ಎಂದು ಒಂದು ಮಾತು ಒದರಿದ್ದರೆ ಎಲ್ಲ ಬಾಯಿ ಮುಚ್ಚುತ್ತಿದ್ದವು. ಆದರೆ ಅಷ್ಟು ಜನರ ಮುಂದೆ, ಊರಿಗೇ ಮಾತು ಮಾರಿದ ಮನುಷ್ಯನ ಎದುರು, ಅದನ್ನು ಹೇಳುವುದು ನನ್ನಿಂದ ಆಗಲಿಲ್ಲ. ನಾನು ಹೇಳಿ ಮುಗಿಸಿದರೆ ಇವರನ್ನು ಬಿಡುತ್ತಾರೆ ಎಂದು ಲೆಕ್ಕ ಹಾಕಿ, ಸಿಟ್ಟಿನಿಂದಲೇ ಎದ್ದು ನಿಂತೆ. ಇಪ್ಪತ್ತೆಂಟು ವರ್ಷದ ಹಿಂದೆ ಲಗ್ನದಲ್ಲಿ ಹೇಳಿದ್ದ ಒಡಪು ತಾನಾಗಿ ಬಂತು.

"ಹಂಚಿನ ಮ್ಯಾಲ ರೊಟ್ಟಿ, ರೊಟ್ಟಿ ಮ್ಯಾಲ ತುಪ್ಪ,
ಹಸದು ಬಂದು ಕುಂತಾರ ನಮ್ಮ ಶರಣಪ್ಪ."

ಹೋ ಎಂದು ಕೂಗಿದರು. ಆ ಹೆಸರು ನನ್ನ ಬಾಯಿಂದ ಹೊರಬಿದ್ದದ್ದೇ ನಾನು ಕುಳಿತುಬಿಟ್ಟೆ. ಇವರು ಥಟ್ಟನೆ ತಿರುಗಿ ನನ್ನನ್ನು ನೋಡಿದರು. ಎಷ್ಟೋ ತಿಂಗಳ ಮೇಲೆ ಹಾಗೆ ನೇರ ನೋಡಿದ್ದು.

ಚಿಗವ್ವ ಬಿಡುವ ಪೈಕಿಯೇ? ಇವರ ಮುಂದೆ ಬಂದು ಸೊಂಟದ ಮೇಲೆ ಕೈ ಇಟ್ಟು ನಿಂತಳು. "ಅಣ್ಣಾವ್ರ, ಅಕ್ಕ ಹೇಳ್ಯಾಳ. ಈಗ ನಿಮ್ಮ ಪಾಳಿ. ಹೇಳೂತನಕ ಗಾಡಿ ಹತ್ತಲಿಕ್ಕ ಬಿಡಂಗಿಲ್ಲ ನೋಡ್ರಿ."

"ಏ ಯವ್ವಾ, ಸಾಕು ಬಿಡ" ಎಂದು ನಾನು ಆಕೆಯ ಕೈ ಹಿಡಿದೆ. ಇವರ ಎಡಗೈ ಬೆಂಚಿನ ಮೇಲೆ ತಾಳ ಹಾಕುತ್ತಿತ್ತು. ನಾನು ಅದನ್ನು ನಡುಕ ಅಂದುಕೊಂಡೆ. ತುಟಿ ಕೂಡಿದವು, ಬಿಚ್ಚಿದವು. ಒಂದು ಗುಂಯ್ ಎನ್ನುವ ದನಿ ಬಂತು, ಮಾತಲ್ಲ, ಬರೀ ರಾಗ. ಆಮೇಲೆ ಆ ರಾಗದ ಬೆನ್ನು ಹತ್ತಿ ಮಾತು, ನಮ್ಮ ಲಗ್ನದಲ್ಲಿ ಅವರು ಹೇಳಿದ್ದ ಒಡಪು.

"ಕಾ… ಕಾಗಿಣಾ ಹೊಳಿ ದಂಡಿಗಿ ಕರಿ ಮಣ್ಣಿನ ಹೊಲ…"

"ಹ್ಞೂಂ, ಮುಂದ?" ಎಂದಳು ಚಿಗವ್ವ, ಎಲ್ಲರಿಗೂ ಅನ್ನುವ ಹಾಗೆ.

"ಹೊಲದಾಗ ಬಿಳಿಜ್ವಾಳ, ತೆನಿ ತುಂಬ ಹಾಲ…"

"ಹ್ಞೂಂ, ಮುಂದ?"

ಅಲ್ಲಿ ನಿಂತರು. ಹಣೆಯ ಮೇಲೆ ಬೆವರು. ಕಣ್ಣು ನನ್ನ ಮೇಲೆ. ತಾಯೀ, ತಾಯೀ, ತಾಯೀ ಎಂದು ನಾನು ಒಳಗೇ ಒದರುತ್ತಿದ್ದೆ. ಈಗಷ್ಟೇ ನಿನ್ನ ಗುಡಿಗೆ ಬರುವುದಿಲ್ಲ ಅಂದೆನಲ್ಲ, ಆ ಮಾತು ವಾಪಸು, ಹೊಟ್ಟೆಗೆ ಹಾಕ್ಕೋ ತಾಯೀ.

"ಹಾಲಿನಂಥ ಮನಸಿನಾಕಿ… ನನ್ನ ಮನಿಯಾಕಿ… ನೀಲ."

ಮತ್ತೆ ಹೋ ಎಂದರು. ಯಾರೋ ಸಿಳ್ಳೆ ಹಾಕಿದರು. ನಾನು ಸೆರಗನ್ನು ಬಾಯಿಗೆ ತುರುಕಿಕೊಂಡು ಅತ್ತೆ. ಇವರೂ ಅಳುತ್ತಿದ್ದರು. ಚಿಗವ್ವ ನನ್ನ ಗದ್ದ ಹಿಡಿದು ನಕ್ಕಳು. "ಅಯ್ಯ, ಇಷ್ಟಕ್ಕ ಅಳ್ತಾರೇನ್ರಿ ಅಕ್ಕಾ? ಗಂಡ ಹೆಸರು ಹೇಳಿದ್ರ ಇಷ್ಟು ನಾಚ್ಕಿ? ನೋಡ ಸೊಸೀ, ಹಿಂಗಿರ್ಬೇಕು ಸಂಸಾರ." ನಾನು ಹೇಳಬೇಕೆಂದು ಬಾಯಿ ತೆರೆದೆ. ಈಗ ನನಗೇ ಮಾತು ಬರಲಿಲ್ಲ. ಅಷ್ಟರಲ್ಲಿ ಗಾಡಿ ಬಂತು.

ಗಾಡಿ ಬಂದರೆ ವಾಡಿಯಲ್ಲಿ ಏನಾಗುತ್ತದೆ ಎಂದು ನಿಮಗೆ ಗೊತ್ತು. ಟ್ರಂಕು, ಗಾದಿ, ಕೊಡ ಎಲ್ಲ ಎತ್ತಿಕೊಂಡು ದಿಬ್ಬಣ ಮುಂದಿನ ಡಬ್ಬಿಗೆ ಓಡಿತು. ಕೋಲು ಹಿಡಿದ ಇವರನ್ನು ಹತ್ತಿರದ ಡಬ್ಬಿಗೆ ಹತ್ತಿಸುವುದರಲ್ಲೇ ನನಗೆ ಸಾಕಾಯಿತು. ಚಿತ್ತಾಪುರ ಬಂದಾಗ ಇವರನ್ನು ಇಳಿಸಿ, ಕಂಬಕ್ಕೆ ಒರಗಿಸಿ ನಿಲ್ಲಿಸಿ, ಮುಂದಿನ ಡಬ್ಬಿಯ ಕಡೆ ಓಡಿದೆ. ಈ ವಯಸ್ಸಿನಲ್ಲಿ, ಸೀರೆ ಎತ್ತಿ ಹಿಡಿದು ಓಡಿದೆ. ಗಾಡಿ ಹೊರಟೇಬಿಟ್ಟಿತು. ಒಂದು ಕಿಟಕಿಯಿಂದ ಹಸಿರು ಬಳೆಯ ಕೈಯೊಂದು ಬೀಸಿತು. ಆಕೆಯದೋ, ಬೇರೆ ಯಾರದೋ, ನನಗೆ ಬೀಸಿತೋ, ಇನ್ಯಾರಿಗೋ, ಇವತ್ತಿಗೂ ಗೊತ್ತಿಲ್ಲ.

ತಿಂಗಳು ಕಾಯದೆ ಮುಂದಿನ ಗುರುವಾರವೇ ಹೋದೆವು, ಡಾಕ್ಟರಮ್ಮನ ಎದುರು ಇವರು ಒಡಪು ಹೇಳಿದರು. ಆಕೆ ಕುರ್ಚಿಯಿಂದ ಎದ್ದುಬಿಟ್ಟಳು. ಹಾಡು, ಪದ, ಒಡಪು ಇವೆಲ್ಲ ಇರುವ ಜಾಗ ತಲೆಯಲ್ಲಿ ಬೇರೆಯಂತೆ, ಮಾತು ಹೋದವರಿಗೂ ಕೆಲವೊಮ್ಮೆ ಅದು ಉಳಿದಿರುತ್ತದಂತೆ, ಅದರ ದಾರಿ ಹಿಡಿದು ಬೇರೆ ಮಾತನ್ನೂ ಎಳೆದು ತರಬಹುದಂತೆ. ಇರಬಹುದು, ಕಲಿತವಳು, ನಾನು ಅಲ್ಲ ಎನ್ನುವುದಿಲ್ಲ. ಆದರೆ ಅದೇ ಗುರುವಾರ ಗಾಡಿಯನ್ನು ತಡಮಾಡಿದವರು ಯಾರು? ಅಷ್ಟು ಉದ್ದದ ಪ್ಲಾಟ್‌ಫಾರ್ಮಿನಲ್ಲಿ ನಮ್ಮ ಬೆಂಚಿಗೇ ಆ ಸಾಮಾನು ಇಳಿಸಿದವರು ಯಾರು? ನಾನು ಜಗಳವಾಡಿ ಬಿಟ್ಟುಬಂದರೂ ನನ್ನನ್ನು ಬಿಡದವಳು ಯಾರು? ಇದನ್ನು ಕೇಳಿದರೆ ಡಾಕ್ಟರಮ್ಮ ನಕ್ಕಳು.

ಈಗ ಇವರು ಒಂದೊಂದೇ ಮಾತು ಆಡುತ್ತಾರೆ. ನೀರು, ರೊಟ್ಟಿ, ಸುಜಾತಾ, ಸಾಕು. ಆದರೆ ನನ್ನ ಹೆಸರು ಮಾತ್ರ ಬಿಡಿಯಾಗಿ ಬರುವುದಿಲ್ಲ. ನನ್ನನ್ನು ಕರೆಯಬೇಕೆಂದರೆ ಕಾಗಿಣಾ ಹೊಳೆಯ ದಂಡೆಯಿಂದ ಶುರುಮಾಡಬೇಕು. ಬಚ್ಚಲಿನಲ್ಲಿ ಟವೆಲ್ ಬೇಕಾದರೂ ಕರಿಮಣ್ಣಿನ ಹೊಲ, ಬಿಳಿಜೋಳ, ಹಾಲು ಎಲ್ಲ ದಾಟಿ ನನ್ನ ಹತ್ತಿರ ಬರಬೇಕು. ಓಣಿಯ ಹೆಂಗಸರು ಬಿದ್ದುಬಿದ್ದು ನಗುತ್ತಾರೆ. ಮೊದಲ ಸಾಲಿಗೇ ಓ ಎಂದು ಹೋಗಬಹುದು, ಹೋಗುವುದಿಲ್ಲ. ಕೊನೆಯ ತನಕ ಹೇಳಲಿ ಎಂದು ಬಾಗಿಲ ಹಿಂದೆ ನಿಂತು ಕೇಳುತ್ತೇನೆ. ಇಪ್ಪತ್ತೆಂಟು ವರ್ಷ "ಏ" ಎಂದು ಕರೆಸಿಕೊಂಡವಳಿಗೆ ಇಷ್ಟು ಆಸೆ ಇರಬಾರದೇ?

ಸನ್ನತಿಗೆ ಹೋಗಿ ಹೇಳಿಕೊಂಡಂತೆ ತಾಯಿಯ ಉಡಿ ತುಂಬಿ ಬಂದೆವು. ತಪ್ಪಾಯಿತು ಎಂದು ಅಡ್ಡಬಿದ್ದೆ. ಹಸಿರು ಬಳೆಯವಳಾಗಿ ತಾಯಿಯೇ ಬಂದಿದ್ದಳು ಎನ್ನುತ್ತಾಳೆ ಸುಜಾತಾ. ನಾನು ಒಪ್ಪುವುದಿಲ್ಲ. ಆಕೆಯ ಹಿಮ್ಮಡಿ ಒಡೆದಿತ್ತು, ಮೊಣಕಾಲು ನೋಯುತ್ತಿತ್ತು, ಎಲೆಅಡಿಕೆಯ ಕೆಂಪು ಸೆರಗಿಗೆ ಹತ್ತಿತ್ತು. ತಾಯಿ ಕಳಿಸಿದ್ದು ನಿಜ, ಆದರೆ ಆಕೆ ಮನುಷ್ಯಳು, ಎಲ್ಲೋ ಒಂದು ಮನೆಯಲ್ಲಿ ಇದ್ದಾಳೆ. ಅದಕ್ಕೇ ಹುಡುಕುತ್ತೇನೆ. ವಾಡಿಯಲ್ಲಿ ಇಳಿದಾಗಲೆಲ್ಲ ಬೆಂಚು ಬೆಂಚು ನೋಡುತ್ತೇನೆ. ಸುಜಾತಾಳ ಮನೆಗೆ ಹೋದಾಗ ಸೇಡಂ ಬಸ್‌ಸ್ಟ್ಯಾಂಡಿನಲ್ಲಿ ಚಿಂಚೋಳಿ ಬಸ್ಸು ಬಂದರೆ ಇಳಿಯುವವರ ಕೈ ನೋಡುತ್ತ ನಿಲ್ಲುತ್ತೇನೆ. ಒಮ್ಮೆ ಚಿಂಚೋಳಿಗೇ ಹೋದೆ. ಬಸ್‌ಸ್ಟ್ಯಾಂಡಿನ ಹೂವಿನವಳನ್ನು ಕೇಳಿದರೆ, "ಹಸಿರು ಬಳಿ, ಬಾಯಿ ಜೋರು, ಮದಿಮಗನ ಚಿಗವ್ವ? ಹಂಥಾಕಿ ಮನಿಗೊಬ್ಬಾಕಿ ಅದಾಳ್ರಿ ಇಲ್ಲಿ" ಎಂದು ನಕ್ಕಳು. ಅವತ್ತು ವಾಡಿಯಲ್ಲಿ ನಾನು ಆಕೆಯ ಹೆಸರು ಕೇಳಲಿಲ್ಲ, ಊರು ಕೇಳಲಿಲ್ಲ. ಒಬ್ಬರ ಹೆಸರನ್ನು ಒಬ್ಬರಿಂದ ಹೇಳಿಸಿದವಳ ಹೆಸರೇ ನನಗೆ ಗೊತ್ತಿಲ್ಲವಲ್ಲ ಎಂದು ವಾಪಸು ಬರುವಾಗ ಬಸ್ಸಿನಲ್ಲಿ ನನ್ನನ್ನೇ ಬೈದುಕೊಂಡೆ.

ಭಕ್ತರೇ, ತಾಯಿಯನ್ನು ನಂಬಿ. ಸಿಟ್ಟು ಬಂದರೆ ಜಗಳವನ್ನೂ ಆಡಿ, ಆಕೆ ಮನಸ್ಸಿಗೆ ಹಚ್ಚಿಕೊಳ್ಳುವುದಿಲ್ಲ. ನನಗೆ ಬೇಕಾದದ್ದು ಸಿಕ್ಕಿದೆ, ಇನ್ನು ಬೇಡುವುದು ಒಂದೇ. ನಿಮ್ಮಲ್ಲಿ ಯಾರಿಗಾದರೂ ಚಿಂಚೋಳಿ ಕಡೆ ಆಕೆ ಸಿಕ್ಕರೆ, ಶಹಾಬಾದಿನಲ್ಲಿ ಲಗ್ನ ಮುಗಿಸಿ ವಾಡಿಯಲ್ಲಿ ಗಾಡಿ ಕಾದ ಚಿಗವ್ವ ಸಿಕ್ಕರೆ, ದಯಮಾಡಿ ಒಂದು ಮಾತು ಹೇಳಿ. ಆಕೆ ಇವತ್ತಿಗೂ ತಾನು ಯಾರೋ ಬಿಂಕದ ಗಂಡಸಿನ ಬಾಯಿ ಬಿಡಿಸಿದೆ ಎಂದುಕೊಂಡಿದ್ದಾಳೆ. ಸೊಸೆಯ ಮುಂದೆ ಅದನ್ನು ಹೇಳಿ ನಗುತ್ತಲೂ ಇರಬಹುದು. ಆ ಮನುಷ್ಯನಿಗೆ ಅಲ್ಲಿಯ ತನಕ ಮಾತೇ ಇರಲಿಲ್ಲ ಎಂಬುದು ಆಕೆಗೆ ಗೊತ್ತಿಲ್ಲ.